ಹನ್ನೆರಡು ವಚನದ ಸ್ಪ್ಯಾನಿಷ್

ರಾಯಚೂರಿನಲ್ಲಿ ಸ್ಪ್ಯಾನಿಷ್ ಬಲ್ಲವರು ಎಷ್ಟು ಮಂದಿ ಇದ್ದಾರೆಂದು ಸರ್ಕಾರ ಯಾವತ್ತಾದರೂ ವಿಚಾರಣೆ ನಡೆಸಿದರೆ, ನನ್ನನ್ನು ಭಾಗಶಃ ಹಾಜರು ಎಂದು ಬರೆದುಕೊಳ್ಳಬಹುದು. ಆ ಭಾಷೆಯಲ್ಲಿ ನನಗೆ ಹನ್ನೆರಡು ವಚನ ಬರುತ್ತದೆ. ಬೈಬಲಿನ ಸುವಾರ್ತೆಯ ಒಂದು ಕಥೆ, ಅಷ್ಟೇ. ಪಾರ್ಶ್ವವಾಯು ಬಡಿದವನೊಬ್ಬನನ್ನು ನಾಲ್ವರು ಹೊರಸಿನ ಮೇಲೆ ಹೊತ್ತು ತಂದು, ಬಾಗಿಲ ಬಳಿ ಜನ ತುಂಬಿದ್ದರಿಂದ ಮಾಳಿಗೆ ಹತ್ತಿ, ಅದನ್ನು ಒಡೆದು, ಯೇಸುವಿನ ಎದುರಿಗೆ ಇಳಿಸಿದ ಕಥೆ. ಅದರಲ್ಲಿ ಅರ್ಥ ಗೊತ್ತಿಲ್ಲದ ಒಂದು ಪದವೂ ನನಗೆ ಉಳಿದಿಲ್ಲ. ಆದರೆ ಅದೇ ಭಾಷೆಯಲ್ಲಿ ಒಂದು ಲೋಟ ನೀರು ಕೇಳಲು ಬರುವುದಿಲ್ಲ. ರೋಗಿಯನ್ನು ಮಾಳಿಗೆಯಿಂದ ಇಳಿಸಬೇಕಾದ ಪ್ರಸಂಗ ಬಂದರೆ ಮಾತ್ರ ನಾನು ನಿರರ್ಗಳ.

ಇದು ಹೇಗಾಯಿತು ಎನ್ನುವುದನ್ನು ಬರೆದಿಡುತ್ತಿದ್ದೇನೆ. ನಗೆ ಬಂದರೆ ನಗಬಹುದು. ಮೊದಮೊದಲು ನಾವೂ ನಕ್ಕೆವು.

ನಾನು ಸಿವಿಲ್ ಕೋರ್ಟಿನಲ್ಲಿ ಶಿರಸ್ತೇದಾರನಾಗಿ ನಿವೃತ್ತನಾದವನು. ಆ ಕೆಲಸ ನನಗೆ ಕಲಿಸಿದ್ದು ಎರಡೇ ವಿದ್ಯೆ. ಕಾಗದ ನೋಡದೆ ಮಾತಾಡಬಾರದು. ಕಾಗದ ನೋಡಿದ ಮೇಲೂ ಅವಸರ ಮಾಡಬಾರದು. ನಾನು ಕೂಗಿ ಹೇಳಿದ ಮುಂದಿನ ತಾರೀಖನ್ನು ಕೇಳಿಕೊಂಡು ಹೋದ ಫಿರ್ಯಾದಿಗಳು ಅದೇ ಕೇಸಿಗೆ ಮೊಮ್ಮಕ್ಕಳ ಕೈ ಹಿಡಿದು ಬಂದದ್ದನ್ನು ಕಂಡಿದ್ದೇನೆ. ಅವರಿಗೆ ಬೇಸರ ಇದ್ದಿರಬಹುದು. ನನಗೆ ಇರಲಿಲ್ಲ. ಕ್ರಮ ಎಂದರೆ ಕ್ರಮ.

ಇಂಥ ಮನುಷ್ಯನ ಕೈಗೆ ದೇವರು ಅನುಗಮನ ವಿಧಾನವನ್ನು ಕೊಡಬಾರದಿತ್ತು. ಕೊಟ್ಟುಬಿಟ್ಟ. ನಮ್ಮ ಚರ್ಚಿನ ಸಭೆಯವರು ನನ್ನನ್ನು ಒಂದು ತರಬೇತಿ ಶಿಬಿರಕ್ಕೆ ಕಳಿಸಿದ್ದರು. ಅಲ್ಲಿ ಕಲಿಸಿದ್ದು ಇಷ್ಟು: ಬೈಬಲ್ ಓದುವಾಗ ವ್ಯಾಖ್ಯಾನದ ಗ್ರಂಥ ಮುಟ್ಟಬೇಡಿ, ಪಾದ್ರಿಗಳ ಪ್ರಸಂಗ ನೆನೆಸಿಕೊಳ್ಳಬೇಡಿ, ನಿಮ್ಮ ಅಭಿಪ್ರಾಯವನ್ನು ಚಪ್ಪಲಿಯ ಜೊತೆ ಹೊರಗೇ ಬಿಡಿ. ಮೊದಲ ಹೆಜ್ಜೆ ಅವಲೋಕನ. ಯಾರು, ಎಲ್ಲಿ, ಯಾವಾಗ, ಏನು ಮಾಡಿದರು, ಯಾವ ಮಾತು ಮತ್ತೆ ಮತ್ತೆ ಬರುತ್ತದೆ, ಎಲ್ಲವನ್ನೂ ಬಣ್ಣದ ಪೆನ್ಸಿಲಿನಿಂದ ಗುರುತು ಮಾಡಿ. ಎರಡನೆಯದು ಅರ್ಥ. ಇದರ ತಾತ್ಪರ್ಯವೇನು ಎಂದು ಪಠ್ಯದಿಂದಲೇ ತೆಗೆಯಿರಿ. ಮೂರನೆಯದು ಅನ್ವಯ. ಈಗ ನಾನು ಏನು ಮಾಡಬೇಕು. ಮೊದಲನೆಯದು ಮುಗಿಯದೆ ಎರಡನೆಯದಕ್ಕೆ ಹೋಗಬಾರದು, ಎರಡನೆಯದು ಮುಗಿಯದೆ ಮೂರನೆಯದಕ್ಕೆ.

ನನಗೆ ಆನಂದಬಾಷ್ಪ ಬರುವುದೊಂದು ಬಾಕಿ. ಸಾಕ್ಷಿ, ವಾದ, ತೀರ್ಪು! ಇಷ್ಟು ವರ್ಷ ಕೋರ್ಟಿನಲ್ಲಿ ನಾನು ಮಾಡಿದ್ದು ವೇದಪಾಠವೇ ಎಂದು ತಿಳಿದಿರಲಿಲ್ಲ.

ಊರಿಗೆ ಬಂದು ನಮ್ಮ ಮನೆಯ ಪಡಸಾಲೆಯಲ್ಲಿ ಭಾನುವಾರ ಮಧ್ಯಾಹ್ನದ ಅಧ್ಯಯನ ಶುರು ಮಾಡಿದೆ. ಮೊದಲು ಪಡಸಾಲೆ ತುಂಬಿತ್ತು. ಒಂದು ಅಧ್ಯಾಯಕ್ಕೆ ಒಂದು ಮಳೆಗಾಲ ಹಿಡಿಯುತ್ತದೆ ಎಂದು ಗೊತ್ತಾದ ಮೇಲೆ ಒಬ್ಬೊಬ್ಬರಿಗೆ ಒಂದೊಂದು ಅಡಚಣೆ ಬಂತು. ಕಡೆಗೆ ಉಳಿದವರು ಇಬ್ಬರು. ಒಬ್ಬ ನಾನು. ಇನ್ನೊಬ್ಬರು ಪಕ್ಕದ ಮನೆಯ ಸಾಹೇಬರು. ಅವರು ಗಂಜ್ ಮಾರುಕಟ್ಟೆಯಲ್ಲಿ ಹತ್ತಿ ದಲ್ಲಾಲಿ ಅಂಗಡಿ ಇಟ್ಟಿದ್ದವರು, ಈಗ ಅಂಗಡಿ ಮಗನಿಗೆ ಬಿಟ್ಟು ಮನೆಯಲ್ಲಿರುವವರು. ಅವರು ಬರುತ್ತಿದ್ದದ್ದು ಚಹಾಕ್ಕೆ, ಮತ್ತು ನನ್ನನ್ನು ಕೆಣಕುವುದಕ್ಕೆ.

"ಕ್ಯಾ ಶಿರಸ್ತೇದಾರ್ ಸಾಬ್, ಇವತ್ತು ಯಾರ ಕೇಸು? ಹೋದ ವಾರದ ಆರೋಪಿಗೆ ಜಾಮೀನು ಸಿಕ್ತೇನು?"

"ಅವಲೋಕನ ನಡದದ ಸಾಹೇಬ್ರ. ಗದ್ದಲ ಮಾಡಬ್ಯಾಡ್ರಿ."

"ನಡೀಲಿ ನಡೀಲಿ. ಕಯಾಮತ್ ಬರೋದ್ರಾಗ ಮುಗಿಸ್ರಿ ಅಷ್ಟೇ. ಆವತ್ತು ಆ ದೊಡ್ಡ ಜಡ್ಜ್ ತಾರೀಖ್ ಕೊಡಾಂಗಿಲ್ಲ."

ಹೀಗಿರುವಾಗ ಒಂದು ಭಾನುವಾರ ದೇವದುರ್ಗದ ನರ್ಸಮ್ಮ ಬಂದರು.

ಅವರನ್ನು ನಾನು ಮೊದಲೇ ಬಲ್ಲೆ. ನಮ್ಮ ಸಂಬಂಧಿಕರ ಎರಡು ಬಾಣಂತನ ಅವರ ಕೈಯಲ್ಲೇ ಆದದ್ದು. ಹುಟ್ಟೂರು ಮಸರಕಲ್. ಅವರಿಗೆ ಇನ್ನೂ ಲಂಗ ಉಡುವ ವಯಸ್ಸು ಇದ್ದಾಗ ತಾಯಿಗೆ ಕಾಯಿಲೆಯಾಗಿ ದೇವದುರ್ಗದ ಕ್ರೈಸ್ತ ಸನ್ಯಾಸಿನಿ ಸಿಸ್ಟರುಗಳ ದವಾಖಾನೆಗೆ ಚಕ್ಕಡಿಯಲ್ಲಿ ಹಾಕಿಕೊಂಡು ತಂದರಂತೆ. ತಾಯಿ ಉಳಿಯಲಿಲ್ಲ. ಮಗಳು ಅಲ್ಲೇ ಉಳಿದರು. ಆ ದವಾಖಾನೆ ನಡೆಸುತ್ತಿದ್ದ ಸ್ಪೇನ್ ದೇಶದ ಸಿಸ್ಟರೇ ಅವರನ್ನು ಓದಿಸಿ ನರ್ಸ್ ಮಾಡಿದರು. ತಾಲೂಕಿನವರೆಲ್ಲ ಆ ಸಿಸ್ಟರನ್ನು ದೊಡ್ಡ ಸಿಸ್ಟರ್ ಎಂದೇ ಕರೆಯುತ್ತಿದ್ದರು. ದೊಡ್ಡ ಸಿಸ್ಟರ್ ಸ್ಪೇನಿಗೆ ವಾಪಸು ಹೋಗಲೇ ಇಲ್ಲ. ಬೈಗುಳ, ಗಾದೆ, ಲೆಕ್ಕ, ಎಲ್ಲಾ ದೇವದುರ್ಗದ ಕನ್ನಡದಲ್ಲೇ.

ದವಾಖಾನೆಯಲ್ಲಿ ಅವರದೊಂದು ರೂಢಿ ಇತ್ತು. ಉಳಿಯುವುದಿಲ್ಲ ಎಂದು ಗೊತ್ತಾದ ರೋಗಿಯ ಮಂಚದ ಪಕ್ಕ ಸ್ಟೂಲು ಎಳೆದುಕೊಂಡು ಕೂತು, ಆ ರೋಗಿಯ ಭಾಷೆಯಲ್ಲಿ ಗಟ್ಟಿಯಾಗಿ ಬೈಬಲ್ ಓದುವುದು. ಬೇಡ ಎಂದವರ ಹತ್ತಿರ ಸುಮ್ಮನೆ ಕೂಡುವುದು. ಅವರ ಮಾತಾಡುವ ಕನ್ನಡ ಚೆನ್ನಾಗಿತ್ತು, ಓದುವ ಕನ್ನಡ ಮಾತ್ರ ಕೇಳಬಾರದು. ಒತ್ತಕ್ಷರ ಬಂದಲ್ಲೆಲ್ಲ ಎಡವಿ ಬೀಳುತ್ತಿದ್ದರು. ನರ್ಸಮ್ಮನ ತಾಯಿಗೂ ಹೀಗೇ ಓದಿದ್ದರು. ಮಾಳಿಗೆ ಒಡೆದ ಕಥೆಯನ್ನೇ.

ಈಗ ದೊಡ್ಡ ಸಿಸ್ಟರಿಗೆ ಪಾರ್ಶ್ವವಾಯು ಬಡಿದಿತ್ತು. ಮಾನ್ವಿಯಲ್ಲಿ ಅವರ ಸಂಸ್ಥೆಯ ಮನೆಯೊಂದಿದೆ, ಅಲ್ಲಿಗೆ ಕರೆದೊಯ್ದಿದ್ದರು. ಬಲಗೈ, ಬಲಗಾಲು ಹೋದವು. ಮಾತು ತಿರುಗಿ ಬಂತು. ಆದರೆ ಕನ್ನಡ ಬರಲಿಲ್ಲ. ಇಷ್ಟು ವರ್ಷದ ಕನ್ನಡ ಒಂದು ಮುಂಜಾನೆ ಒರೆಸಿಹೋಗಿ, ಅಡಿಯಲ್ಲಿದ್ದ ಸ್ಪ್ಯಾನಿಷ್ ಒಂದೇ ಉಳಿದಿತ್ತು. ಹೀಗಾಗುವುದುಂಟು ಎಂದು ಡಾಕ್ಟರರು ಹೇಳಿದರಂತೆ. ಆ ಮನೆಯಲ್ಲಿ ಈಗ ಇದ್ದವರು ಮಂಗಳೂರು ಕಡೆಯ ಸಿಸ್ಟರುಗಳು. ಸ್ಪ್ಯಾನಿಷ್ ಒಬ್ಬರಿಗೂ ಬಾರದು.

ಇದಿಷ್ಟನ್ನು ಹೇಳಿ ನರ್ಸಮ್ಮ ಬಟ್ಟೆಯಲ್ಲಿ ಸುತ್ತಿದ್ದ ಒಂದು ಪುಸ್ತಕ ಮೇಜಿನ ಮೇಲಿಟ್ಟರು. ದೊಡ್ಡ ಸಿಸ್ಟರಿನ ಸ್ಪ್ಯಾನಿಷ್ ಬೈಬಲ್.

"ನೀವು ಬೈಬಲ್ ಬಿಡಿಸಿ ಬಿಡಿಸಿ ಓದಸ್ತೀರಂತಲ್ರಿ ಸರ. ಈ ಕತಿ ಒಂದು ನನಗ ಇದರಾಗ ಓದಾಕ ಕಲಸ್ರಿ. ಅವರ ಮುಂದ ಕುಂತು ಓದಬೇಕ್ರಿ. ನಮ್ಮವ್ವಗ ಅವರು ಓದಿದ್ರು."

"ನನಗ ಸ್ಪ್ಯಾನಿಷ್ ಬರಂಗಿಲ್ಲ ನರ್ಸಮ್ಮ."

"ಅವರಿಗಿ ಕನ್ನಡ ಎಲ್ಲಿ ಬರ್ತಿತ್ರಿ, ಬಂದಾಗ?"

ಫೋನಿನಲ್ಲಿ ಸ್ಪ್ಯಾನಿಷ್ ಓದುವ ದನಿ ಸಿಗುತ್ತದಲ್ಲ ಎಂದು ಸಾಹೇಬರು ಕೇಳಿದರು. ಅದೂ ಆಗಿತ್ತಂತೆ. ಮನೆಯ ಮುಖ್ಯಸ್ಥೆ ಸಿಸ್ಟರ್ ಫೋನಿನಲ್ಲಿ ಓದು ಹಚ್ಚಿ ದಿಂಬಿನ ಪಕ್ಕ ಇಟ್ಟರು. ದೊಡ್ಡ ಸಿಸ್ಟರ್ ಮುಖ ಅರಳಿಸಿ, ಓದುತ್ತಿರುವವರು ಯಾರೆಂದು ಬಾಗಿಲ ಕಡೆ ನೋಡಿದರು, ಪರದೆ ಸರಿಸಲು ಎಡಗೈಯಲ್ಲಿ ಸನ್ನೆ ಮಾಡಿದರು. ಪರದೆಯ ಹಿಂದೆ ಯಾರೂ ಇಲ್ಲ ಎಂದು ತಿಳಿದಾಗ ಅತ್ತರು. ಆಮೇಲೆ ಮುಖ್ಯಸ್ಥೆ ಮತ್ತೆ ಹಚ್ಚಲಿಲ್ಲ.

ಮುಂದಿನ ವಾರ ನಾನೂ ನರ್ಸಮ್ಮನ ಜೊತೆ ಮಾನ್ವಿಗೆ ಹೋದೆ. ಅವಲೋಕನವಿಲ್ಲದೆ ಯಾವ ಕೆಲಸವನ್ನೂ ಆರಂಭಿಸಬಾರದಲ್ಲ. ಕಿಟಕಿಯ ಆಚೆ ಭತ್ತದ ಗದ್ದೆ, ಈಚೆ ಮಂಚ, ಮಂಚದ ಮೇಲೆ ಹತ್ತಿಯಷ್ಟು ಬಿಳಿ ಕೂದಲಿನ ಹೆಂಗಸು. ನರ್ಸಮ್ಮನ ಕೈ ಹಿಡಿದುಕೊಂಡು ಅವರು ಮಾತಿಗೆ ಶುರುವಿಟ್ಟರು. ನಿಲ್ಲಿಸಲೇ ಇಲ್ಲ. ನಡುವೆ ನನ್ನ ಕಡೆ ತಿರುಗಿ ಒಂದು ಪ್ರಶ್ನೆ ಕೇಳಿದರು. ದನಿ ಏರಿದ್ದರಿಂದ ಪ್ರಶ್ನೆ ಎಂದು ಗೊತ್ತಾಯಿತು.

"ಹೌದ್ರಿ" ಎಂದೆ.

ಅವರು ಮತ್ತೆ ಅದನ್ನೇ ಕೇಳಿದರು, ನಿಧಾನವಾಗಿ, ದಡ್ಡ ರೋಗಿಗೆ ಗುಳಿಗೆಯ ಹೊತ್ತು ಹೇಳುವವರ ಹಾಗೆ.

"ಆಗ್ಲಿ ತಗೋರಿ" ಎಂದೆ.

ಅವರು ನಕ್ಕುಬಿಟ್ಟರು. ಮುಖದ ಒಂದು ಬದಿ ಮಾತ್ರ ನಕ್ಕಿತು. ನರ್ಸಮ್ಮ ಹೊರಗೆ ಬಂದ ಮೇಲೆ ಹೇಳಿದರು, "ಏನ್ ಒಪ್ಪಿಕೊಂಡ್ ಬಂದೀರೋ ಸರ. ಆಸ್ತಿ ಬರಕೊಟ್ಟೀರೇನೋ ನೋಡ್ರಿ."

ಆ ಭಾನುವಾರದಿಂದ ನಮ್ಮ ಪಡಸಾಲೆಯಲ್ಲಿ ಸ್ಪ್ಯಾನಿಷ್ ಬೈಬಲಿನ ಅನುಗಮನ ಅಧ್ಯಯನ ಶುರುವಾಯಿತು. ಸ್ಪೇನ್ ದೇಶದ ಅರಸನಿಗೆ ಈ ಸುದ್ದಿ ಯಾರೂ ಮುಟ್ಟಿಸಿರಲಾರರು.

ನಮ್ಮ ದಾರಿ ಇದು. ಎಡಗಡೆ ಕನ್ನಡ ಬೈಬಲ್, ಬಲಗಡೆ ಸ್ಪ್ಯಾನಿಷ್. ಪುಟದ ನೆರಳಚ್ಚು ತೆಗೆಸಿಕೊಂಡಿದ್ದೆವು, ಸಿಸ್ಟರಿನ ಪುಸ್ತಕಕ್ಕೆ ಪೆನ್ಸಿಲ್ ತಾಗಿಸಲು ನರ್ಸಮ್ಮ ಬಿಡಲಿಲ್ಲ. ಕನ್ನಡದಲ್ಲಿ ಮನೆ ಎಂದಿರುವ ವಚನಗಳಲ್ಲೆಲ್ಲ ಸ್ಪ್ಯಾನಿಷಿನಲ್ಲಿ ಯಾವ ಪದ ಬರುತ್ತದೆ ಎಂದು ಹುಡುಕುವುದು. 'ಕಾಸಾ' ಸಿಕ್ಕಿತು. ಹಸಿರು ಬಣ್ಣ. ನಾಲ್ವರು ಎಂದಿರುವಲ್ಲಿ 'ಕ್ವಾತ್ರೋ'. ಕೆಂಪು. ಬಾಗಿಲು 'ಪುಯೆರ್ತಾ'. ಅದಕ್ಕೂ ಹಸಿರು. ನಿಘಂಟು ಬೇಡ ಎಂದು ನಾನೇ ವಿಧಿಸಿದ್ದೆ. ಪಠ್ಯವೇ ಮಾತಾಡಬೇಕು. ಉಚ್ಚಾರಕ್ಕೆ ಮಾತ್ರ ಫೋನಿನ ದನಿಗೆ ವಿನಾಯಿತಿ.

ಯಾವುದೇ ಪದ ಹೀಗೆ ಸಿಕ್ಕಿದಾಗ ಒಂದು ಖುಷಿ ಆಗುತ್ತಿತ್ತು, ಸುಳ್ಳು ಹೇಳುವುದಿಲ್ಲ. ನರ್ಸಮ್ಮ 'ಇಹೋ' ಎಂದರೆ ಮಗ ಎಂದು ಹಿಡಿದ ದಿನ ನಾನು ಪೆನ್ಸಿಲ್ ಕೆಳಗಿಟ್ಟು ಎದ್ದುನಿಂತೆ. ಕೋರ್ಟಿನಲ್ಲಿ ಜಿಲ್ಲಾ ನ್ಯಾಯಾಧೀಶರಿಗೆ ಬಿಟ್ಟರೆ ಬೇರೆ ಯಾರಿಗೂ ಹಾಗೆ ಎದ್ದವನಲ್ಲ.

ಪದಗಳ ಅವಲೋಕನದ ಜೊತೆಗೆ ಸಂಗತಿಗಳ ಅವಲೋಕನವೂ ನಡೆಯಬೇಕಿತ್ತು. ಅಲ್ಲಿ ತಡವಾಯಿತು. ಮಾಳಿಗೆಯ ಪ್ರಶ್ನೆ ಎದ್ದಿತು.

"ಬೆಳಕಿಂಡಿಯಿಂದ ಇಳಿಸಿರಬೇಕು" ಎಂದೆ ನಾನು.

"ಬೆಳಕಿಂಡ್ಯಾಗ ಕೊಡ ಇಳಿಯಂಗಿಲ್ರಿ ಸರ, ಹೊರಸು ಹ್ಯಾಂಗ ಇಳೀತದ?" ಮಣ್ಣಿನ ಮಾಳಿಗೆಯ ಕೆಳಗೆ ಹುಟ್ಟಿದ ನರ್ಸಮ್ಮನ ಪ್ರಶ್ನೆ. "ಮ್ಯಾಲಿನ ಮಣ್ಣು ಕೆದರಬೇಕು, ಕಟಿಗಿ ಸರಸಬೇಕು. ಕೆಳಗ ಕುಂತೋರ ತಲಿ ಮ್ಯಾಲ ಎಷ್ಟು ಮಣ್ಣು ಬಿದ್ದಿರಬೇಕು!"

"ಮನಿ ಮಾಲಕ ಸುಮ್ನಿದ್ನೇನ್ರಿ?" ಎಂದರು ಸಾಹೇಬರು. "ನನ್ನ ಮಾಳಿಗಿ ಒಡದಿದ್ರ ನಾ ಸುಮ್ನಿರ್ತಿದ್ದಿಲ್ಲ. ನುಕ್ಸಾನಿ ಯಾರ ಕಟ್ಕೊಡಬೇಕು?"

ಮನೆಯ ಮಾಲೀಕನ ಹೆಸರು ದಾಖಲೆಯಲ್ಲಿಲ್ಲ ಎಂಬ ಅಂಶವನ್ನು ನಾನು ಆಗ ಮೊದಲ ಸಲ ಗಮನಿಸಿದೆ. ಅದನ್ನು ಪ್ರತ್ಯೇಕ ವಿಷಯವಾಗಿ ತೆಗೆದುಕೊಂಡೆವು. ನಾಲ್ವರು ರೋಗಿಗೆ ಏನಾಗಬೇಕು? ತಿಳಿಯದು. ಅವರು ಒಂದಾದರೂ ಮಾತಾಡುತ್ತಾರೆಯೇ? ಇಲ್ಲ. ರೋಗಿ ಮಾತಾಡುತ್ತಾನೆಯೇ? ಹನ್ನೆರಡೂ ವಚನದಲ್ಲಿ ಒಂದು ಮಾತೂ ಇಲ್ಲ. ನರ್ಸಮ್ಮ ಅದನ್ನು ಕೇಳಿ ಪುಟವನ್ನೇ ನೋಡುತ್ತ ಕೂತರು. ಆ ಭಾನುವಾರ ಅಷ್ಟಕ್ಕೇ ಮುಗಿಸಿದೆವು.

ಬೇಸಿಗೆಯಲ್ಲಿ ಶುರು ಮಾಡಿದ್ದು. ಮಳೆ ಬಂದು ಹೋಗುವ ಹೊತ್ತಿಗೆ ನರ್ಸಮ್ಮನಿಗೆ ಹನ್ನೆರಡೂ ವಚನ ಓದಲು ಬರುತ್ತಿತ್ತು. ಎಲ್ಲ ಪದದ ಅರ್ಥ ಸಿಕ್ಕಿರಲಿಲ್ಲ, ನಾಲಿಗೆ ಅಲ್ಲಲ್ಲಿ ತೊಡರುತ್ತಿತ್ತು, ಆದರೆ ಓದು ನಿಲ್ಲುತ್ತಿರಲಿಲ್ಲ. ಅವತ್ತು ಅವರು ಕೇಳಿದರು.

"ಬರೋ ವಾರ ಮಾನ್ವಿಗೆ ಹೋಗಿ ಓದ್ಲೇನ್ರಿ ಸರ?"

ನಾನು ಕನ್ನಡಕ ತೆಗೆದು ಒರೆಸಿಕೊಂಡೆ. ಕೋರ್ಟಿನಲ್ಲಿ ಅರ್ಜಿ ತಿರಸ್ಕರಿಸುವ ಮುಂಚೆ ನ್ಯಾಯಾಧೀಶರುಗಳು ಹೀಗೆ ಮಾಡುವುದನ್ನು ನೋಡಿ ನೋಡಿ ಬಂದ ಚಟ.

"ನರ್ಸಮ್ಮ, ಓದಿ ಹೇಳೋದು ಅಂದ್ರ ಏನು? ಅನ್ವಯ. ಮೂರನೇ ಹೆಜ್ಜಿ. ನಾವಿನ್ನೂ ಮೊದಲನೇದ್ರಾಗ ಇದ್ದೀವಿ. ಅರ್ಥ ಆಗದ ಓದಿದ್ರ ಅದು ಬರೇ ಸಪ್ಪಳ."

ಸಾಹೇಬರು ಚಹಾದ ಬಟ್ಟಲು ಕೆಳಗಿಟ್ಟರು. ಅವರು ಕೆಣಕುವ ದನಿ ಬಿಟ್ಟು ಮಾತಾಡಿದ್ದು ಅಪರೂಪ.

"ಶಿರಸ್ತೇದಾರ್ ಸಾಬ್, ನಾ ಸಣ್ಣಾವಿದ್ದಾಗ ನಮ್ಮ ಹಜರತ್ ಮಸೀದಿ ಕಟ್ಟಿ ಮ್ಯಾಲ ಕುಂದ್ರಿಸಿ ಅರಬ್ಬಿ ಓದೋದು ಕಲಿಸಿದ್ರು. ಮಾಯ್ನಾ, ಅಂದ್ರ ಅರ್ಥ, ಒಂದಕ್ಷರ ಹೇಳಲಿಲ್ಲ. ಓದು ಮೊದ್ಲು, ಮಾಯ್ನಾ ಆಮ್ಯಾಲ. ನಮ್ಮ ಅಬ್ಬಾ ಹೋಗೋ ದಿನ ಬಾಜೂಕ ಕುಂತು ಓದಿದೆ. ಮಾಯ್ನಾ ಅವತ್ತಿಗೂ ಪೂರಾ ಗೊತ್ತಿದ್ದಿಲ್ಲ ನನಗ. ಅದಕ್ಕ ಓದು ನಿಂತಿತೇನು? ಇಕಿ ಹೋಗಿ ಓದ್ಲಿ, ಬಿಡ್ರಿ."

"ನಿಮ್ಮ ಪದ್ಧತಿ ನಿಮಗ ಸಾಹೇಬ್ರ. ಇದಕ್ಕ ಇದರದೇ ಒಂದು ಕ್ರಮ ಅದ."

ನರ್ಸಮ್ಮ ನಮ್ಮಿಬ್ಬರನ್ನೂ ನೋಡಿದರು. "ದೊಡ್ಡ ಸಿಸ್ಟರ್ ಕನ್ನಡ ತಪ್ಪು ತಪ್ಪು ಓದ್ತಿದ್ರಿ ಸರ. ಯಾರೂ ಬ್ಯಾಡ ಅಂದಿಲ್ಲ."

"ಅದು ಅವರ ದೊಡ್ಡಸ್ತನ. ತಪ್ಪು ಓದಿ ಅವರ ಮುಂದ ನಾವು ಸಣ್ಣವರಾಗೋದು ಬ್ಯಾಡ. ಒಂದ್ ಸಲ ಸರಿಯಾಗಿ ಓದಿದ್ರ ಅವರಿಗೂ ಸಮಾಧಾನ. ಸ್ವಲ್ಪ ತಡೀರಿ."

ಅವರು ತಡೆದರು. ನಾನು ಓದಿದವನು, ಕೋರ್ಟಿನಲ್ಲಿದ್ದವನು, ಅವರಿಗೆ ಸರ. ನನ್ನ ಮಾತಿಗೆ ಅವರು ಎದುರು ಹೇಳಬಹುದಿತ್ತು ಎಂದು ಈಗ ನನಗೆ ಅನ್ನಿಸುತ್ತದೆ. ಅವತ್ತು ಅವರಿಗೂ ಅನ್ನಿಸಲಿಲ್ಲ, ನನಗೂ ಅನ್ನಿಸಲಿಲ್ಲ.

ತಾರೀಖು ಮುಂದೆ ಹೋಯಿತು. ಒಮ್ಮೆ ತಾರೀಖು ಮುಂದೆ ಹೋದರೆ ಅದಕ್ಕೆ ಮುಂದೆ ಹೋಗುವುದೇ ಅಭ್ಯಾಸವಾಗುತ್ತದೆ. ನನ್ನ ಕಣ್ಣಿನ ಪೊರೆ ತೆಗೆಸಬೇಕಾಯಿತು. ಸಭೆಯ ಬೆಳೆ ಹಬ್ಬ ಬಂತು. ನರ್ಸಮ್ಮನಿಗೆ ಎರಡು ಹೆರಿಗೆ ಬಂದವು. ಆಮೇಲೆ ಕ್ರಿಸ್ಮಸ್. ನಡುನಡುವೆ ಸಿಕ್ಕ ಭಾನುವಾರಗಳಲ್ಲಿ ನಾವು ಅರ್ಥದ ಹೆಜ್ಜೆಗೆ ಕಾಲಿಟ್ಟೆವು. ಯೇಸು ನೋಡಿದ್ದು ಯಾರ ನಂಬಿಕೆಯನ್ನು, ರೋಗಿಯದನ್ನೋ ಹೊತ್ತವರದನ್ನೋ? ನಾನು ಎರಡೂ ಪಕ್ಷದ ವಾದ ನಾನೇ ಮಂಡಿಸಿದೆ. ಅಷ್ಟು ಚೆನ್ನಾಗಿ ನಾನು ಯಾವತ್ತೂ ವಾದಿಸಿರಲಿಲ್ಲ. ನರ್ಸಮ್ಮ ಗಡಿಯಾರ ನೋಡಿಕೊಂಡು, "ದೇವದುರ್ಗದ ಬಸ್ಸಿಗಿ ಹೊತ್ತಾತ್ರಿ" ಎಂದು ಎದ್ದರು.

ಹೊಸ ವರ್ಷದ ಹೊಸತರಲ್ಲಿ ಅಧ್ಯಯನ ಮುಗಿಯಿತು. ಎರಡು ಹೆಜ್ಜೆ ಪೂರ್ಣ, ಮೂರನೆಯದೊಂದೇ ಬಾಕಿ. ಹನ್ನೆರಡು ವಚನ ತಪ್ಪಿಲ್ಲದೆ, ತೊಡರದೆ ನರ್ಸಮ್ಮ ಓದಿದರು. ಯಾವ ಪದ ಕೇಳಿದರೂ ಅರ್ಥ ಹೇಳಿದರು. ಸಾಹೇಬರು "ಶಾಬಾಶ್" ಎಂದು ಮೇಜು ತಟ್ಟಿದರು. ಬರುವ ಭಾನುವಾರ ಮಾನ್ವಿ ಎಂದು ನಾನು ಪ್ರಕಟಿಸಿದೆ.

ಶುಕ್ರವಾರ ಮುಖ್ಯಸ್ಥೆ ಸಿಸ್ಟರಿನ ಫೋನು ಬಂತು. ದೊಡ್ಡ ಸಿಸ್ಟರಿಗೆ ಎರಡನೆಯ ಸಲ ಬಡಿದಿತ್ತು.

ನಾವು ಹೋದೆವು. ಅದೇ ಕಿಟಕಿ, ಅದೇ ಮಂಚ. ಗದ್ದೆ ಮಾತ್ರ ಕೊಯ್ಲಾಗಿ ಬರಿದಾಗಿತ್ತು. ದೊಡ್ಡ ಸಿಸ್ಟರಿನ ಕಣ್ಣು ತೆರೆದೇ ಇದ್ದವು. ನರ್ಸಮ್ಮ ಎದುರಿಗೆ ಹೋದರೂ ಅವು ಅಲುಗಲಿಲ್ಲ. ನರ್ಸಮ್ಮ ಕೈ ಹಿಡಿದುಕೊಂಡರು. ಮೊದಲ ಸಲ ಬಂದಾಗ ಇವರ ಕೈಯನ್ನು ಬಿಡದೆ ಹಿಡಿದಿದ್ದ ಬೆರಳುಗಳು ಈಗ ಹಿಡಿಯಲಿಲ್ಲ. ನರ್ಸಮ್ಮ ನಾಡಿ ನೋಡಿದರು, ಕಣ್ಣಿನ ಮುಂದೆ ಬೆರಳು ಆಡಿಸಿ ನೋಡಿದರು, ಬೆನ್ನಿನ ಹಿಂದೆ ಕೈ ಹಾಕಿ ಹುಣ್ಣಾಗಿದೆಯೇ ಎಂದು ತಡವಿದರು. ಅವರಿಗೆ ಯಾರೂ ಏನೂ ಹೇಳುವ ಅಗತ್ಯವಿರಲಿಲ್ಲ.

ಸ್ಟೂಲು ಎಳೆದುಕೊಂಡು ಕೂತರು. ಬಟ್ಟೆ ಬಿಚ್ಚಿ ಪುಸ್ತಕ ತೆಗೆದು ಓದಿದರು.

ಅಂಥ ಓದನ್ನು ನಾನು ಕೇಳಿಲ್ಲ. ಮಾಳಿಗೆಯ ಮಣ್ಣು ಕೆದರಿದ್ದು, ಹೊರಸು ಇಳಿದದ್ದು, ಅವನನ್ನು ಮಗನೇ ಎಂದು ಕರೆದದ್ದು, ಏಳು ಎಂದದ್ದು. ಒಂದು ಪದವೂ ಜಾರಲಿಲ್ಲ. ಏಳನೆಯ ವಚನದಲ್ಲಿ ಒಂದು ಕಡೆ ದನಿ ಏರಬೇಕಿತ್ತು, ಏರಲಿಲ್ಲ. ಅದನ್ನು ತಿದ್ದಲು ನನ್ನ ಬೆರಳು ತಾನಾಗಿ ಮೇಲೆದ್ದಿತು. ನಾನು ಆ ಕೈಯನ್ನು ಇನ್ನೊಂದು ಕೈಯಲ್ಲಿ ಹಿಡಿದುಕೊಂಡು ಕೂತೆ.

ಓದು ಮುಗಿಯಿತು. ಮಂಚದ ಮೇಲೆ ಉಸಿರು ಮೊದಲಿನ ಹಾಗೇ ಏರಿ ಇಳಿಯುತ್ತಿತ್ತು. ಬಾಗಿಲಲ್ಲಿ ನಿಂತಿದ್ದ ಮುಖ್ಯಸ್ಥೆ ಸಿಸ್ಟರ್ ಕಣ್ಣೊರೆಸಿಕೊಂಡು, ತಮ್ಮ ಕಡೆಯ ಕನ್ನಡದಲ್ಲಿ ಹೇಳಿದರು.

"ಮೊನ್ನೆ ಮೊನ್ನೆಯವರೆಗೂ ದಿನವಿಡೀ ಮಾತಾಡ್ತಾ ಇದ್ದರು ಮಾರಾಯ್ರೇ. ನಾನು ಚಹಾ ತಗೊಂಡು ಹೋದರೆ ನನ್ನ ಹತ್ರ ಕೇಳುವುದು, ಕಸ ಗುಡಿಸುವವಳ ಹತ್ರ ಕೇಳುವುದು. ಆಗ ಯಾರಾದರೂ ಹೀಗೆ ಒಂದು ಎರಡು ಸಾಲು..."

ಅವರು ಅಲ್ಲಿಗೇ ನಿಲ್ಲಿಸಿದರು. ಒಳ್ಳೆಯ ಹೆಂಗಸು. ನಮ್ಮ ಪಡಸಾಲೆಯ ಸಂಗತಿ ಅವರಿಗೆ ಗೊತ್ತಿರಲಿಲ್ಲ.

ನರ್ಸಮ್ಮ ಒದ್ದೆ ಬಟ್ಟೆಯಿಂದ ದೊಡ್ಡ ಸಿಸ್ಟರಿನ ಬಾಯಿಯ ಅಂಚು ಒರೆಸಿದರು, ಕೂದಲು ಹಿಂದಕ್ಕೆ ಸರಿಸಿದರು. ನನ್ನ ಕಡೆ ನೋಡಲಿಲ್ಲ. ನೋಡಬಾರದೆಂದೇನೂ ಅಲ್ಲ, ಕೆಲಸವಿತ್ತು. ಬಸ್ ನಿಲ್ದಾಣಕ್ಕೆ ನಡೆಯುವಾಗ ನಾನೇ ಬಾಯಿ ತೆಗೆದೆ.

"ಮಳಿಗಾಲ ಮುಗದಾಗ ನೀವು ಕೇಳಿದ್ರಿ. ಅವಾಗ ಬರಬೇಕಿತ್ತು ನರ್ಸಮ್ಮ."

"ಹೌದ್ರಿ ಸರ" ಎಂದರು. "ಬರಬೇಕಿತ್ತು."

ಇರಲಿ ಬಿಡ್ರಿ ಎನ್ನುತ್ತಾರೆಂದು ಕಾದೆ. ನಮ್ಮ ಕಡೆ ಇಂಥ ಮಾತಿಗೆ ಮುಂದಿನ ಮಾತು ಅದೇ. ಅವರು ಅನ್ನಲಿಲ್ಲ. ರಾಯಚೂರಿನ ಬಸ್ಸು ಬಂತು, ಹತ್ತಿದೆ. ಅವರು ದೇವದುರ್ಗದ ದಾರಿಯ ಸಿರವಾರದ ಬಸ್ಸಿಗೆ ನಿಂತರು.

ಆಮೇಲೆ ಅವರು ಭಾನುವಾರದ ಅಧ್ಯಯನಕ್ಕೆ ಬರಲಿಲ್ಲ. ಒಂದೆರಡು ಸಲ ಫೋನು ಮಾಡಿದೆ. ಮಾನ್ವಿಯಲ್ಲಿದ್ದೀನ್ರಿ ಎಂದರು, ಹೋಗಾಕತ್ತೀನ್ರಿ ಎಂದರು. ಸಾಹೇಬರು ಮಾತ್ರ ಮೊದಲಿನಂತೆ ಚಹಾಕ್ಕೆ ಬರುತ್ತಾರೆ. ನನ್ನನ್ನು ಕೆಣಕುವುದನ್ನು ಅವರು ಬಿಟ್ಟಿದ್ದಾರೆ. ಅದಕ್ಕಿಂತ ದೊಡ್ಡ ಶಿಕ್ಷೆಯನ್ನು ಯಾವ ಕೋರ್ಟೂ ನನಗೆ ಕೊಡಲಾರದು. ಬಣ್ಣದ ಪೆನ್ಸಿಲುಗಳು ಡಬ್ಬಿಯಲ್ಲಿವೆ. ಹೊಸ ಅಧ್ಯಾಯ ತೆಗೆದಿಲ್ಲ.

ಹೋದ ತಿಂಗಳು ಸಂಬಂಧಿಕರ ಮನೆಯ ನಿಶ್ಚಯಕ್ಕೆ ಸಿರವಾರಕ್ಕೆ ಹೋಗಿದ್ದೆ. ಬಸ್ ನಿಲ್ದಾಣದ ಕಟ್ಟೆಯ ಮೇಲೆ ನರ್ಸಮ್ಮ ಕೂತಿದ್ದರು. ದೇವದುರ್ಗದಿಂದ ಬಂದು ಮಾನ್ವಿಯ ಬಸ್ಸಿಗೆ ಕಾಯುತ್ತಿದ್ದರು. ತೊಡೆಯ ಮೇಲೆ ಆ ಪುಸ್ತಕ.

"ಅರಾಮ ಅದೀರೇನ್ರಿ ಸರ? ಕಣ್ಣು ಹ್ಯಾಂಗದಾವ್ರಿ?"

"ಚಲೋ ಅದಾವ. ದೊಡ್ಡ ಸಿಸ್ಟರ್ ಹ್ಯಾಂಗದಾರ?"

"ಹಂಗ ಅದಾರ್ರಿ. ವಾರಕ್ಕೊಮ್ಮಿ ಹೋಗ್ತೀನಿ. ಮೈ ಒರಸ್ತೀನಿ, ಓದ್ತೀನಿ."

"ಅದೇ ಕತಿ?"

"ಅದು ಮುಗೀತಲ್ರಿ. ಮುಂದಿಂದು ಓದಾಕತ್ತೀನಿ. ಎರಡು ಅಧ್ಯಾಯ ಆದವು, ಈಗ ಮೂರನೇದು ನಡದದ."

ನಮ್ಮ ಹನ್ನೆರಡು ವಚನಕ್ಕೆ ಹಿಡಿದ ಕಾಲ ನನಗೆ ನೆನಪಿದೆ. ನಾನು ಪುಸ್ತಕದ ಕಡೆ ನೋಡಿದೆ. ಅವರು ಗುರುತಿಗೆ ಬೇವಿನ ಕಡ್ಡಿ ಇಟ್ಟಿದ್ದರು. ಕೇಳಬಾರದಿತ್ತು, ಆದರೂ ಕೇಳಿದೆ.

"ಮತ್ತ ಅರ್ಥ? ಅರ್ಥ ಹ್ಯಾಂಗ ಮಾಡ್ಕೋತೀರಿ?"

"ನಾ ಮಾಡ್ಕೊಳ್ಳಾಂಗಿಲ್ರಿ" ಎಂದರು, ಮಾನ್ವಿ ದಿಕ್ಕಿನಲ್ಲಿ ಬಸ್ಸು ಬಂತೇ ಎಂದು ನೋಡುತ್ತ. "ಅರ್ಥ ಅವರಿಗಿ ಗೊತ್ತದಲ್ರಿ ಸರ."

ಅವರ ಮಾತಿನಲ್ಲಿ ಚುಚ್ಚು ಇರಲಿಲ್ಲ. ಇದ್ದಿದ್ದರೆ ಉತ್ತರ ಕೊಡುವುದು ನನಗೆ ಬರುತ್ತಿತ್ತು.

ಬಸ್ಸು ಬಂತು. ಜನ ಹೆಚ್ಚಿರಲಿಲ್ಲ. ನರ್ಸಮ್ಮ ಪುಸ್ತಕವನ್ನು ಬಟ್ಟೆಯಲ್ಲಿ ಸುತ್ತಿ ಎದೆಗೆ ಹಿಡಿದುಕೊಂಡು ಹತ್ತಿ, ಕಿಟಕಿಯ ಪಕ್ಕ ಕೂತರು. ನಾನು ಕೆಳಗೆ ನಿಂತಿದ್ದೆ. ಮಾನ್ವಿ ಅಲ್ಲಿಂದ ದೂರವೇನೂ ಅಲ್ಲ, ಹೋಗಿ ಬಂದರೂ ಸಂಜೆಗೆ ರಾಯಚೂರು ಸೇರಬಹುದು. ಬರ್ತೀರೇನ್ರಿ ಎಂದು ಅವರು ಕೇಳಲಿಲ್ಲ, ಬರ್ಲೇನು ಎಂದು ನಾನೂ ಕೇಳಲಿಲ್ಲ. "ಹೋಗಿ ಬರ್ತೀನ್ರಿ ಸರ" ಎಂದು ಕೈ ಎತ್ತಿದರು. ಬಸ್ಸು ಹೊರಟಾಗ ಅವರ ಪಕ್ಕದ ಸೀಟು ಖಾಲಿಯೇ ಇತ್ತು. ಅದರ ಮೇಲೆ ಅವರು ತಮ್ಮ ಚೀಲ ಇಟ್ಟುಕೊಂಡರು.